ಯಾವ ಕಾರ್ಡೂ ಕಾಯದ ಮನೆಗಳು

ಕೂಲಿಯವರಿಗೆ ಬಿಪಿಎಲ್ ಕಾರ್ಡಿದೆ, ಸರ್ಕಾರಿ ನೌಕರರಿಗೆ ಇಲಾಖೆಯ ನೆರವಿದೆ. ಇವೆರಡರ ನಡುವೆ ಕಿರಾಣಿ ಅಂಗಡಿಯವರು, ನೇಕಾರರು, ಆಟೋ ಚಾಲಕರು, ನಾಲ್ಕೆಂಟು ಎಕರೆಯ ರೈತರು ಇದ್ದಾರೆ. ದೇಶದ ಜನರಲ್ಲಿ ಶೇ. 30ರಷ್ಟು, ಎಂದರೆ ಸುಮಾರು 40 ಕೋಟಿ ಮಂದಿಗೆ ಆರೋಗ್ಯವೆಚ್ಚದ ರಕ್ಷಣೆ ಇಲ್ಲವೆಂದು ನೀತಿ ಆಯೋಗವೇ 2021ರ ವರದಿಯಲ್ಲಿ ಹೇಳಿತು.

ಆಯುಷ್ಮಾನ್ ಭಾರತ್-ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗಿನ ಚಿಕಿತ್ಸೆ ಉಚಿತ. ಎಪಿಎಲ್ ಕುಟುಂಬಕ್ಕೆ ದೊರೆಯುವುದು ನಿಗದಿತ ದರದ ಶೇ. 30 ಮಾತ್ರ. ಆ ದರ ಒಂದು ಲಕ್ಷವಾದರೆ ಎಪ್ಪತ್ತು ಸಾವಿರವನ್ನು ಮನೆಯವರೇ ಹೊಂದಿಸಬೇಕು. ಹೊಂದಿಸುವ ದಾರಿ ಭಕ್ತರೆಲ್ಲರಿಗೂ ತಿಳಿದದ್ದೇ: ಮೊದಲು ಕೊರಳಿನ ಬಂಗಾರ, ಬಳಿಕ ಹೊಲ. ಇದನ್ನು ನೆರವೆನ್ನಲು ನಮಗೆ ಮನಸ್ಸಾಗದು.

ಇದಕ್ಕೆ ಉಪಾಯವನ್ನು ದೂರ ಹುಡುಕಬೇಕಿಲ್ಲ. 2003ರಲ್ಲಿ ಕಾರ್ಯಾರಂಭಿಸಿದ ಯಶಸ್ವಿನಿ ಯೋಜನೆಯಲ್ಲಿ ಸಹಕಾರಿ ಸದಸ್ಯರಾದ ರೈತರು ತಿಂಗಳಿಗೆ 5 ರೂಪಾಯಿಯ ಲೆಕ್ಕದಲ್ಲಿ ವಂತಿಗೆ ತೆತ್ತು ದೊಡ್ಡ ಶಸ್ತ್ರಚಿಕಿತ್ಸೆಗಳನ್ನೂ ಪಡೆದರು. 2018ರಲ್ಲಿ ಆರೋಗ್ಯ ಕರ್ನಾಟಕದೊಡನೆ ವಿಲೀನಗೊಂಡ ಅದು ಈಗ ಮರಳಿ ಜಾರಿಯಲ್ಲಿದೆ. ಇಂಥ ಅಲ್ಪ ವಂತಿಗೆಯ ಬಾಗಿಲು ಸಂಘಗಳ ಹೊರಗಿನ ದುಡಿಮೆಗಾರರಿಗೂ ತೆರೆಯಬೇಕು. ರಕ್ತದೊತ್ತಡ, ಸಕ್ಕರೆ ಕಾಯಿಲೆಗಳ ನಿತ್ಯದ ಗುಳಿಗೆಗಳೂ ಇದರೊಳಗೆ ಬರಬೇಕು; ಇಂದಿನ ಯೋಜನೆಗಳು ಬಹುಮಟ್ಟಿಗೆ ಆಸ್ಪತ್ರೆಗೆ ದಾಖಲಾದವರನ್ನೇ ನೋಡುತ್ತವೆ. ಗುಳಿಗೆ ತಪ್ಪಿಸಿದವರೇ ತಾನೇ ನಾಳೆ ದಾಖಲಾಗುವವರು!

ಸಹಕಾರ ಸಂಘದ ಸದಸ್ಯರಾದ ಭಕ್ತರು ಯಶಸ್ವಿನಿಯ ನೋಂದಣಿ ಯಾವಾಗ ಎಂಬುದನ್ನು ಸಂಘದ ಕಾರ್ಯದರ್ಶಿಗಳಲ್ಲಿ ಈಗಲೇ ವಿಚಾರಿಸಿಕೊಳ್ಳಬೇಕೆಂದು ಕೋರುತ್ತೇವೆ. ಅವಧಿ ಮುಗಿದರೆ ಮುಂದಿನ ನೋಂದಣಿಯವರೆಗೆ ಕಾಯಬೇಕಾದೀತು.