ತಾತ್ಕಾಲಿಕ ತಡೆಯಾಜ್ಞೆ: ಮೇಲ್ಮನವಿಯಲ್ಲಿ ಪರಿಶೀಲನೆಗೊಳಪಡುವುದೇನು?

ಜಮೀನಿನ ಬೆಲೆ ಏರುವ ಕಡೆಗಳಲ್ಲಿ ಕ್ರಯದ ಕರಾರಿನಿಂದ ಹಿಂದೆ ಸರಿಯುವ ಆಸೆಯೂ ಏರುತ್ತದೆ. ನಿದರ್ಶನಕ್ಕೆ, ಚನ್ನಪಟ್ಟಣ ತಾಲ್ಲೂಕಿನ ಬೈರಾಪಟ್ಟಣದಲ್ಲಿ ಆಟಿಕೆ ತಯಾರಿಕಾ ಘಟಕ ಸ್ಥಾಪಿಸಲು ಉದ್ಯಮಿಯೊಬ್ಬರು ನಿವೇಶನಕ್ಕೆ ಮುಂಗಡ ನೀಡಿ ಕರಾರು ಮಾಡಿಕೊಂಡಿದ್ದಾರೆಂದು ಭಾವಿಸೋಣ. ಮಾಲೀಕರು ಅದನ್ನೇ ಹೆಚ್ಚಿನ ಬೆಲೆಗೆ ಮತ್ತೊಬ್ಬರಿಗೆ ಮಾರಲು ಮುಂದಾದಾಗ, ಉದ್ಯಮಿಯು ದಾವೆ ಹೂಡಿ, ಪರಭಾರೆಯಾಗದಂತೆ ತಾತ್ಕಾಲಿಕ ತಡೆಯಾಜ್ಞೆ ಕೋರುತ್ತಾರೆ. ದಾವೆ ಇತ್ಯರ್ಥವಾಗಲು ವರ್ಷಗಳೇ ಹಿಡಿಯಬಹುದು. ಆದ್ದರಿಂದ ಈ ಮಧ್ಯಂತರ ಆದೇಶವೇ ಉಭಯ ಪಕ್ಷಗಳ ಬಂಡವಾಳದ ಗತಿಯನ್ನು ನಿರ್ಧರಿಸುತ್ತದೆ.

ಸಿವಿಲ್ ಪ್ರಕ್ರಿಯಾ ಸಂಹಿತೆ, 1908ರ 39ನೇ ಆದೇಶದಡಿ ಇಂತಹ ತಡೆಯಾಜ್ಞೆ ನೀಡುವಾಗ ನ್ಯಾಯಾಲಯವು ಮೂರು ಅಂಶಗಳನ್ನು ಪರಿಗಣಿಸುತ್ತದೆ: ಮೇಲ್ನೋಟಕ್ಕೆ ವಿಚಾರಣಾರ್ಹ ಪ್ರಕರಣವಿದೆಯೇ, ಅನುಕೂಲ-ಅನನುಕೂಲಗಳ ತಕ್ಕಡಿ ಯಾರ ಕಡೆ ವಾಲುತ್ತದೆ, ಹಾಗೂ ಆದೇಶ ನೀಡದಿದ್ದಲ್ಲಿ ತುಂಬಲಾಗದ ನಷ್ಟವಾಗುವುದೇ. ದಲ್ಪತ್ ಕುಮಾರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ಮೂರನ್ನೂ ವಿಶದಪಡಿಸಿದೆ.

ಆದೇಶದಿಂದ ಬಾಧಿತರಾದವರು 43ನೇ ಆದೇಶದ 1(ಆರ್) ನಿಯಮದಡಿ ಮೇಲ್ಮನವಿ ಸಲ್ಲಿಸಬಹುದು. ಜಿಲ್ಲಾ ನ್ಯಾಯಾಲಯಕ್ಕಾದರೆ 30 ದಿನ, ಉಚ್ಚ ನ್ಯಾಯಾಲಯಕ್ಕಾದರೆ 90 ದಿನ ಕಾಲಾವಧಿಯಿದೆ. ಆದರೆ ಮೇಲ್ಮನವಿಯೆಂದರೆ ಮರುವಿಚಾರಣೆಯೆಂದು ಭಾವಿಸುವುದು ತಪ್ಪು. 1990ರ ವಾಂಡರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ಮಿತಿಯನ್ನು ಸ್ಪಷ್ಟಪಡಿಸಿತು. ಕೆಳ ನ್ಯಾಯಾಲಯವು ವಿವೇಚನಾಧಿಕಾರವನ್ನು ಮನಸೋಇಚ್ಛೆಯಾಗಿ, ವಿಪರೀತವಾಗಿ ಅಥವಾ ಸ್ಥಾಪಿತ ತತ್ವಗಳನ್ನು ಕಡೆಗಣಿಸಿ ಚಲಾಯಿಸಿದ್ದರೆ ಮಾತ್ರ ಹಸ್ತಕ್ಷೇಪ ಸಲ್ಲುತ್ತದೆ. ಅದೇ ದಾಖಲೆಗಳಿಂದ ಬೇರೊಂದು ತೀರ್ಮಾನಕ್ಕೆ ಬರಲು ಸಾಧ್ಯವಿತ್ತೆಂಬುದಷ್ಟೇ ಆದೇಶ ರದ್ದುಪಡಿಸಲು ಕಾರಣವಾಗದು.

ಹಾಗೆಂದು ಮೇಲಿನ ನ್ಯಾಯಾಲಯಗಳು ಕೈಕಟ್ಟಿ ಕುಳಿತಿಲ್ಲ. 2004ರ ಮಹರ್ವಾಲ್ ಖೇವಾಜಿ ಟ್ರಸ್ಟ್ ಪ್ರಕರಣದಲ್ಲಿ, ದಾವೆ ಬಾಕಿಯಿರುವಾಗ ಸ್ವತ್ತಿನ ಸ್ವರೂಪ ಬದಲಾಯಿಸಲು ಅವಕಾಶ ನೀಡಿದ್ದ ಆದೇಶವನ್ನು ಸರ್ವೋಚ್ಚ ನ್ಯಾಯಾಲಯ ರದ್ದುಪಡಿಸಿತು. 2020ರ ಅಂಬಾಲಾಲ್ ಸಾರಾಭಾಯಿ ಪ್ರಕರಣದಲ್ಲಿ ಜಮೀನು ಮಾರಾಟದ ಮಾತುಕತೆಯು ವಾಟ್ಸ್‌ಆಪ್ ಸಂದೇಶ, ಇ-ಮೇಲ್ ಹಾಗೂ ಕರಡು ಪತ್ರಗಳ ಹಂತದಲ್ಲಿತ್ತು. ಅಲ್ಲಿ ನೀಡಲಾಗಿದ್ದ ತಡೆಯಾಜ್ಞೆಯನ್ನೇ ಅದು ತೆರವುಗೊಳಿಸಿತು. ಕರ್ನಾಟಕದಿಂದ ಹೋದ ಮಂಡಲಿ ರಂಗಣ್ಣ ಪ್ರಕರಣದಲ್ಲಿ (2008) ಪಕ್ಷಗಾರರ ನಡತೆಗೂ ಮಹತ್ವ ದೊರೆಯಿತು. ಬಹುಕಾಲ ಮೌನವಾಗಿದ್ದು, ಇನ್ನೊಬ್ಬರು ಸ್ವತ್ತಿನಲ್ಲಿ ವ್ಯವಹರಿಸಲು ಬಿಟ್ಟವರಿಗೆ ಸಾಮಾನ್ಯವಾಗಿ ತಡೆಯಾಜ್ಞೆ ದೊರೆಯದು. ಸ್ವತ್ತು ಬೆಲೆಬಾಳುವುದೆಂಬುದೊಂದೇ ಮಧ್ಯಪ್ರವೇಶಕ್ಕೆ ಕಾರಣವಲ್ಲ.

ಈ ತೀರ್ಪುಗಳಿಂದ ವ್ಯಾಪಾರಿಗಳು ಗ್ರಹಿಸಬೇಕಾದುದು ಇಷ್ಟು: ಹೋರಾಟದ ಮುಖ್ಯ ಕಣ ಮೊದಲ ನ್ಯಾಯಾಲಯವೇ. ಲಿಖಿತ ಕರಾರು, ಬ್ಯಾಂಕ್ ಮೂಲಕ ಪಾವತಿಸಿದ ಮುಂಗಡದ ದಾಖಲೆ, ಋಣಭಾರ ಪ್ರಮಾಣಪತ್ರ, ಉಳಿದ ಹಣ ಸಿದ್ಧವಿತ್ತೆಂಬುದಕ್ಕೆ ಪುರಾವೆ, ಇವೆಲ್ಲವನ್ನೂ ಅರ್ಜಿಯೊಂದಿಗೇ ಹಾಜರುಪಡಿಸಬೇಕು. ನಿರ್ದಿಷ್ಟ ಪರಿಹಾರ ಕಾಯ್ದೆಯ 16ನೇ ಪ್ರಕರಣದಂತೆ, ಕರಾರು ಪಾಲಿಸಲು ತಾನು ಸದಾ ಸಿದ್ಧನಿದ್ದುದನ್ನು ಖರೀದಿದಾರನೇ ರುಜುವಾತುಪಡಿಸಬೇಕಾಗುತ್ತದೆ.

ಮಾರಾಟಗಾರರಿಗೂ ರಕ್ಷಣೆಯಿದೆ. ದಾವೆಯ ಸುಳಿವು ದೊರೆತೊಡನೆ 148ಎ ಪ್ರಕರಣದಡಿ ಕೇವಿಯಟ್ ಸಲ್ಲಿಸಬಹುದು. ಅದು 90 ದಿನ ಜಾರಿಯಲ್ಲಿರುತ್ತದೆ. ಎದುರು ಪಕ್ಷವನ್ನು ಆಲಿಸದೆ ನೀಡಿದ ತಡೆಯಾಜ್ಞೆಯ ಅರ್ಜಿಯನ್ನು 30 ದಿನಗಳೊಳಗೆ ಇತ್ಯರ್ಥಪಡಿಸಲು ನ್ಯಾಯಾಲಯ ಪ್ರಯತ್ನಿಸಬೇಕು. ಹಾಗಾಗದಿದ್ದಲ್ಲಿ ಬಾಧಿತರು ನೇರವಾಗಿ ಮೇಲ್ಮನವಿ ಸಲ್ಲಿಸಬಹುದೆಂದು 2000ದಲ್ಲಿ ಸರ್ವೋಚ್ಚ ನ್ಯಾಯಾಲಯ ತಿಳಿಸಿದೆ.

ಇನ್ನು, ತಡೆಯಾಜ್ಞೆ ಇಲ್ಲವೆಂದು ವ್ಯಾಜ್ಯದಲ್ಲಿರುವ ನಿವೇಶನ ಕೊಳ್ಳುವ ಮೂರನೆಯವರು ನಿಶ್ಚಿಂತರಾಗಿರುವಂತಿಲ್ಲ. ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಪ್ರಕರಣದಂತೆ ದಾವೆಯ ಅಂತಿಮ ತೀರ್ಪು ಅವರನ್ನೂ ಬಂಧಿಸುತ್ತದೆ. ಆದ್ದರಿಂದ ಮುಂಗಡ ನೀಡುವ ಮುನ್ನ ಸ್ವತ್ತಿನ ಮೇಲೆ ದಾವೆಯಿದೆಯೇ ಎಂದು ವಕೀಲರಿಂದ ಪರಿಶೀಲಿಸಿಕೊಳ್ಳುವುದೇ ಲೇಸು.