ಬಾಗಿಲು ತೆಗೆದವರು ಯಾರು? ‘ಏಲಿಯನ್’ ಚಿತ್ರಮಾಲಿಕೆಯ ಕೆಲವು ದೃಶ್ಯಗಳು



ಮನೆಯಲ್ಲಿ ಮಕ್ಕಳು ‘ಏಲಿಯನ್’ ಸಿನಿಮಾ ಹಾಕಿದರೆ ಎದ್ದು ಹೋಗುವ ಹಿರಿಯರಲ್ಲಿ ನಾನೂ ಒಬ್ಬನಾಗಿದ್ದೆ. ಒಮ್ಮೆ ಕೂತು ನೋಡಿದ ಮೇಲೆ ಅಭಿಪ್ರಾಯ ಬದಲಾಯಿತು.

1979ರಲ್ಲಿ ರಿಡ್ಲಿ ಸ್ಕಾಟ್ ನಿರ್ದೇಶಿಸಿದ ಮೊದಲ ಚಿತ್ರದಲ್ಲಿ ವೀರಯೋಧರಿಲ್ಲ. ಅದಿರು ಹೊತ್ತು ಭೂಮಿಗೆ ಮರಳುತ್ತಿರುವ ‘ನಾಸ್ಟ್ರೊಮೊ’ ನೌಕೆಯ ಏಳು ಮಂದಿ ನೌಕರರಿದ್ದಾರೆ. ಬೋನಸ್ಸಿನ ವಿಚಾರಕ್ಕೆ ತಕರಾರು ತೆಗೆಯುವವರೂ ಅವರಲ್ಲಿದ್ದಾರೆ. ದಾರಿಯಲ್ಲಿ ಇಳಿದ ಅಪರಿಚಿತ ನೆಲದಲ್ಲಿ ಕೇನ್ ಎಂಬವನ ಮುಖಕ್ಕೆ ಜೀವಿಯೊಂದು ಅಂಟಿಕೊಳ್ಳುತ್ತದೆ. ಒಳಗೆ ಬಿಡಿ ಎಂದು ಜೊತೆಗಾರರು ಕೇಳುತ್ತಾರೆ. 24 ಗಂಟೆ ಪ್ರತ್ಯೇಕವಾಗಿಡುವುದು ನಿಯಮ ಎಂದು ಅಧಿಕಾರಿ ರಿಪ್ಲಿ ನಿರಾಕರಿಸುತ್ತಾಳೆ. ಆದರೆ ವಿಜ್ಞಾನಾಧಿಕಾರಿ ಆಶ್ ಬಾಗಿಲು ತೆಗೆದುಬಿಡುತ್ತಾನೆ. ಜೀವಮಾನವೆಲ್ಲ ಫೈಲುಗಳ ನಡುವೆ ಕಳೆದ ನನಗೆ ಅತಿ ಭಯ ಹುಟ್ಟಿಸಿದ್ದು ಈ ದೃಶ್ಯವೇ.

ಎಲ್ಲರೂ ನೆನೆಯುವುದು ಊಟದ ಮೇಜಿನ ದೃಶ್ಯವನ್ನು. ಚೇತರಿಸಿಕೊಂಡು ಊಟಕ್ಕೆ ಕೂತ ಕೇನ್‌ನ ಎದೆ ಸೀಳಿಕೊಂಡು ಮರಿ ಹೊರಬರುತ್ತದೆ. ರಕ್ತ ಅಷ್ಟು ಜೋರಾಗಿ ಚಿಮ್ಮುವುದೆಂದು ಉಳಿದ ನಟರಿಗೆ ಮೊದಲೇ ಹೇಳಿರಲಿಲ್ಲ. ಹಾಗಾಗಿ ಅವರ ಮುಖದ ಗಾಬರಿ ಬಹುಪಾಲು ನಿಜವಾದದ್ದು. ಬೆಳೆದ ಜೀವಿಯ ರೂಪ ಸ್ವಿಟ್ಜರ್ಲೆಂಡಿನ ಕಲಾವಿದ ಗೀಗರ್ ಅವರ ಕಲ್ಪನೆ. ಅದನ್ನು ಪೂರ್ತಿಯಾಗಿ ತೋರಿಸುವುದು ಬಹಳ ಕಡಿಮೆ. ಕಾಣದಿರುವುದೇ ಹೆಚ್ಚು ಹೆದರಿಸುತ್ತದೆ. ಕೊನೆಗೆ ತಿಳಿಯುವುದೇನು? ಆಶ್ ಒಬ್ಬ ಯಂತ್ರಮಾನವ. ‘ಜೀವಿಯನ್ನು ತನ್ನಿ, ಸಿಬ್ಬಂದಿ ಹೋದರೂ ಚಿಂತೆಯಿಲ್ಲ’ ಎಂಬುದು ಕಂಪನಿಯ ಗುಪ್ತ ಆದೇಶ!

1986ರ ‘ಏಲಿಯನ್ಸ್’ ಜೇಮ್ಸ್ ಕ್ಯಾಮರಾನ್ ಅವರದು. ಜೀವಿಗಳು ಕೋಣೆಯೊಳಗೇ ಬಂದಿವೆ ಎನ್ನುತ್ತದೆ ಸೈನಿಕರ ಕೈಯಲ್ಲಿರುವ ಉಪಕರಣ. ಎದುರಿಗೆ ಮಾತ್ರ ಏನೂ ಕಾಣುವುದಿಲ್ಲ. ತಲೆಯೆತ್ತಿ ಚಾವಣಿಯ ಹಲಗೆ ಸರಿಸಿದರೆ ಅಲ್ಲಿ ತೆವಳಿಕೊಂಡು ಬರುತ್ತಿವೆ! ಕೊನೆಯಲ್ಲಿ ನ್ಯೂಟ್ ಎಂಬ ಅನಾಥ ಹುಡುಗಿಯನ್ನು ಉಳಿಸಲು ರಿಪ್ಲಿ ರಾಣಿಜೀವಿಯ ಎದುರು ನಿಲ್ಲುತ್ತಾಳೆ. ಆಗ ಅವಳ ಆಯುಧ ಬಂದೂಕಲ್ಲ, ಸರಕು ಎತ್ತುವ ಯಂತ್ರ. ಹೊಟ್ಟೆಪಾಡಿಗೆ ಕಲಿತ ಕೆಲಸವೇ ಮಗುವಿನ ಜೀವ ಕಾಯುತ್ತದೆ. ಈ ಪಾತ್ರಕ್ಕಾಗಿ ಸಿಗೋರ್ನಿ ವೀವರ್ ಅವರ ಹೆಸರು ಆಸ್ಕರ್‌ಗೆ ನಾಮನಿರ್ದೇಶನಗೊಂಡಿತ್ತು.

ಡೇವಿಡ್ ಫಿಂಚರ್ ಅವರ 1992ರ ಮೂರನೆಯ ಚಿತ್ರದಲ್ಲಿ ಆ ಜೀವಿ ರಿಪ್ಲಿಯ ಒಡಲಲ್ಲೇ ಬೆಳೆಯುತ್ತಿರುತ್ತದೆ. ಹೊರತೆಗೆದು ಕೊಡುತ್ತೇವೆ ಎಂದು ಕಂಪನಿಯವರು ಮಾತು ಕೊಡುತ್ತಾರೆ. ಅವಳು ನಂಬದೆ ಕುಲುಮೆಗೆ ಬೀಳುತ್ತಾಳೆ.

ಮಾಲಿಕೆ ಆಮೇಲೂ ಬೆಳೆದು 2024ರಲ್ಲಿ ‘ರೋಮುಲಸ್’ ಬಂತು. ಜೀವಿಗೆ ಹಸಿವಷ್ಟೇ ಗೊತ್ತು. ಲೆಕ್ಕ ಹಾಕಿ ಬಾಗಿಲು ತೆಗೆಸುವವರು ಮನುಷ್ಯರು. ಚಿಕ್ಕ ಮಕ್ಕಳಿಗೆ ಇವು ಖಂಡಿತ ಬೇಡ. ದೊಡ್ಡ ಮಕ್ಕಳು ನೋಡುವಾಗ ಹಿರಿಯರೂ ಜೊತೆಗೆ ಕೂರಿ. ಮುಗಿದ ಮೇಲೆ ಮಾತಾಡಲು ಬೇಕಾದಷ್ಟಿರುತ್ತದೆ.

– ಕಾರ್ಯದರ್ಶಿ