ಕಿವಿಯಿಂದ ನೋಡುವ ಕಾಲ್ಚೆಂಡಾಟ

ಅಂಗೈಯಲ್ಲಿ ಹಿಡಿಯುವ ದೂರವಾಣಿಯು ಇಂದು ಬಹುಮಟ್ಟಿಗೆ ಎಲ್ಲ ಮನೆಗಳನ್ನೂ ಹೊಕ್ಕಿದೆ. ಅದನ್ನು ಕುರಿತ ತಂದೆತಾಯಿಯರ ದೂರುಗಳು ನಮ್ಮ ಕಿವಿಗೆ ಬೀಳುತ್ತಲೇ ಇರುತ್ತವೆ. ಮಕ್ಕಳ ಕಣ್ಣು ಯಾವಾಗಲೂ ಅದರ ಪರದೆಗೆ ಅಂಟಿಕೊಂಡಿರುತ್ತದೆಂಬುದು ಆ ದೂರುಗಳಲ್ಲಿ ಮೊದಲನೆಯದು. ಆದರೆ ಕಣ್ಣಿಗೆ ಯಾವ ಕೆಲಸವನ್ನೂ ಕೊಡದ ಉಪಯೋಗವೊಂದು ಆ ಉಪಕರಣದಿಂದಲೇ ಉಂಟು. ಸಾವಿರಾರು ಮೈಲಿಗಳಾಚೆಯ ಬಯಲಿನಲ್ಲಿ ನಡೆಯುವ ಕಾಲ್ಚೆಂಡಾಟವನ್ನು, ಅದು ನಡೆಯುತ್ತಿರುವಾಗಲೇ, ಕಂಡವರ ಬಾಯಿಂದ ಕೇಳುವುದೇ ಆ ಉಪಯೋಗವು. ಇಂಥ ಮಾತಿಗೆ ನಮ್ಮ ಆಕಾಶವಾಣಿಯವರು ‘ವೀಕ್ಷಕ ವಿವರಣೆ’ ಎಂಬ ಸೊಗಸಾದ ಹೆಸರನ್ನು ಬಳಕೆಗೆ ತಂದಿದ್ದಾರೆ. ಈ ಶ್ರವಣವು ಹೇಗೆ ಸಾಧ್ಯವಾಗುವುದು, ಅದರ ಪೂರ್ವಚರಿತ್ರೆಯೇನು, ಅದರಲ್ಲಿ ಹೇಳುವವರ ಹೊಣೆಯೇನು, ಕೇಳುವವರ ಕೆಲಸವೇನು ಎಂಬುದನ್ನು ನಮ್ಮ ಹಳೆಯ ವಿದ್ಯಾರ್ಥಿನಿಯರಿಗೂ ಪೋಷಕರಿಗೂ ತಿಳಿಯಪಡಿಸಲು ಇಚ್ಛಿಸುತ್ತೇವೆ.

ದೂರವಾಣಿಯಲ್ಲಿ ಇಂಥದನ್ನು ಕೇಳುವುದು ತೀರ ಹೊಸ ಕಾಲದ ಸಂಗತಿಯೆಂದು ಹಲವರು ಭಾವಿಸುವರು. ಅದು ಹಾಗಲ್ಲ. 1881ರಲ್ಲಿ ಪ್ಯಾರಿಸ್ ಪಟ್ಟಣದಲ್ಲಿ ವಿದ್ಯುತ್ತಿನ ದೊಡ್ಡ ವಸ್ತುಪ್ರದರ್ಶನವೊಂದು ನಡೆದಾಗ, ಕ್ಲೆಮಾಂ ಆದೆ ಎಂಬ ಯಂತ್ರಜ್ಞನು ಸಂಗೀತ ನಾಟಕಶಾಲೆಯಲ್ಲಿ ಹಾಡುತ್ತಿದ್ದವರ ಕಂಠವನ್ನು ತಂತಿಯ ಮೂಲಕ ಪ್ರದರ್ಶನದ ಸ್ಥಳಕ್ಕೆ ತಂದು ಜನರಿಗೆ ಕೇಳಿಸಿದನು. ಕೇಳುವವರು ಎರಡು ಕಿವಿಗಳಿಗೂ ಒಂದೊಂದು ಶ್ರವಣಯಂತ್ರವನ್ನು ಹಿಡಿದುಕೊಳ್ಳಬೇಕಾಗಿತ್ತು. 1893ರಲ್ಲಿ ಬುಡಾಪೆಸ್ಟ್ ನಗರದಲ್ಲಿ ತಿವದಾರ್ ಪುಷ್ಕಾಶ್ ಎಂಬವನು ದೂರವಾಣಿಯ ವೃತ್ತಪತ್ರಿಕೆಯನ್ನೇ ಆರಂಭಿಸಿದನು. ಚಂದಾದಾರರು ತಮ್ಮ ತಮ್ಮ ಮನೆಗಳಲ್ಲಿಯೇ ಕುಳಿತು ವರ್ತಮಾನಗಳನ್ನೂ, ಕಾಲಕ್ರಮದಲ್ಲಿ ಸಂಗೀತವನ್ನೂ ತಂತಿಯಲ್ಲಿ ಕೇಳಿದರು. ರೇಡಿಯೋ ಮನೆಮನೆಗೆ ಬರುವುದಕ್ಕೆ ಮೂವತ್ತು ವರ್ಷಗಳಷ್ಟು ಮೊದಲೇ ದೂರವಾಣಿಯು ದೂರದ ಸಮಾರಂಭವನ್ನು ಮನೆಗೆ ತಂದಿತ್ತೆಂಬುದನ್ನು ಇದರಿಂದ ತಿಳಿಯಬಹುದು. ನಡುವೆ ಆ ಕೆಲಸವು ರೇಡಿಯೋವಿನ ಪಾಲಾಗಿ, ಈಗ ಮತ್ತೆ ದೂರವಾಣಿಗೇ ಮರಳಿ ಬಂದಿದೆ.

ಕಾಲ್ಚೆಂಡಾಟದ ವಿವರಣೆಯು ರೇಡಿಯೋವಿನಲ್ಲಿ ಬ್ರಿಟನ್ನಿನವರಿಗೆ ಮೊದಲು ಕೇಳಿಸಿದ್ದು 1927ನೆಯ ಇಸವಿ ಜನವರಿ 22ರಂದು. ಲಂಡನ್ನಿನ ಹೈಬರಿ ಬಯಲಿನಲ್ಲಿ ಆರ್ಸೆನಲ್ ಮತ್ತು ಷೆಫೀಲ್ಡ್ ಯುನೈಟೆಡ್ ತಂಡಗಳಿಗೆ ಅಂದು ಪಂದ್ಯವಿದ್ದಿತು. ಟೆಡ್ಡಿ ವೇಕ್‌ಲಮ್ ಎಂಬವನು ವಿವರಣೆಕಾರನು. ಕಾಣದ ಬಯಲನ್ನು ಕೇಳುವವರ ಮನಸ್ಸಿನಲ್ಲಿ ಮೂಡಿಸುವುದು ಹೇಗೆಂಬ ತೊಡಕಿಗೆ ಬಿ.ಬಿ.ಸಿ.ಯವರು ಒಂದು ಜಾಣ ಉಪಾಯವನ್ನು ಕಂಡುಕೊಂಡರು. ‘ರೇಡಿಯೋ ಟೈಮ್ಸ್’ ಪತ್ರಿಕೆಯಲ್ಲಿ ಬಯಲಿನ ನಕ್ಷೆಯೊಂದನ್ನು ಅಚ್ಚುಮಾಡಿಸಿ, ಅದನ್ನು ಎಂಟು ಮನೆಗಳಾಗಿ ಭಾಗಿಸಿ, ಪ್ರತಿಯೊಂದಕ್ಕೂ ಅಂಕೆಯನ್ನು ಕೊಟ್ಟರು. ವೇಕ್‌ಲಮ್ ಆಟವನ್ನು ವರ್ಣಿಸುತ್ತಿರುವಾಗ ಇನ್ನೊಬ್ಬನು ನಡುನಡುವೆ ಚೆಂಡಿರುವ ಮನೆಯ ಅಂಕೆಯನ್ನು ಹೇಳುತ್ತಿದ್ದನು. ಪತ್ರಿಕೆಯನ್ನು ತೊಡೆಯ ಮೇಲಿಟ್ಟುಕೊಂಡವರು ಚೌಕಾಬಾರದ ಕಾಯನ್ನು ನಡೆಸುವಂತೆ ಬೆರಳಿನಿಂದ ಚೆಂಡನ್ನು ಹಿಂಬಾಲಿಸುವುದು ಸಾಧ್ಯವಾಯಿತು. ಆಟವು ಒಂದೊಂದು ಗೋಲಿನಿಂದ ಸಮವಾಗಿ ಮುಗಿಯಿತು.

ಇದಕ್ಕೆ ಒಂದು ವಾರದ ಹಿಂದೆ ವೇಕ್‌ಲಮ್ ರಗ್ಬಿ ಪಂದ್ಯವೊಂದನ್ನು ವರ್ಣಿಸಿದ್ದನು. ಆ ಸಂದರ್ಭದಲ್ಲಿ ಯುದ್ಧದಲ್ಲಿ ಕಣ್ಣು ಕಳೆದುಕೊಂಡವರನ್ನು ಸಲಹುವ ಸೇಂಟ್ ಡನ್‌ಸ್ಟನ್ಸ್ ಸಂಸ್ಥೆಯ ಅಂಧನೊಬ್ಬನನ್ನು ಅವನ ಸಮೀಪದಲ್ಲಿ ಕೂರಿಸಿದ್ದರೆಂದು ಹೇಳುತ್ತಾರೆ. ಈ ಮನುಷ್ಯನಿಗೆ ಆಟವನ್ನು ತಿಳಿಸಿದರೆ ಸಾಕು, ದೇಶಕ್ಕೆಲ್ಲ ತಿಳಿಸಿದಂತೆಯೇ ಆಗುವುದು ಎಂಬುದೇ ಅದರ ಇಂಗಿತವು. ವೀಕ್ಷಕ ವಿವರಣೆಯ ಧರ್ಮವೆಲ್ಲ ಈ ಒಂದು ಏರ್ಪಾಟಿನಲ್ಲಿ ಅಡಗಿದೆ ಎಂದು ನಮ್ಮ ಅಭಿಪ್ರಾಯ. ರೇಡಿಯೋವಿನ ಮುಂದೆ ಕುಳಿತವರೆಲ್ಲರೂ ಆ ಹೊತ್ತಿಗೆ ಅಂಧರೇ. ಅವರಿಗಾಗಿ ಇನ್ನೊಬ್ಬರು ನೋಡಬೇಕು, ಕಂಡದ್ದನ್ನು ಕಂಡಂತೆಯೇ ಹೇಳಬೇಕು.

ಇನ್ನು ಆ ಧ್ವನಿಯು ನಮ್ಮ ಕೈಯಲ್ಲಿರುವ ದೂರವಾಣಿಗೆ ಬಂದು ಸೇರುವ ಬಗೆಯನ್ನು ಹೇಳುವೆವು. ಕ್ರೀಡಾಂಗಣದಲ್ಲಿ ಜನರ ಕೂಗು ವಿಪರೀತವಾಗಿರುವುದರಿಂದ, ತುಟಿಗೆ ತಾಗಿಸಿ ಹಿಡಿಯತಕ್ಕ ಒಂದು ಬಗೆಯ ಮೈಕನ್ನು ವಿವರಣೆಕಾರರು ಬಹುಕಾಲದಿಂದ ಬಳಸುತ್ತ ಬಂದಿದ್ದಾರೆ. ಅದು ಸಮೀಪದ ಮಾತನ್ನು ಹಿಡಿದು ದೂರದ ಗದ್ದಲವನ್ನು ಬಹುಮಟ್ಟಿಗೆ ಬಿಟ್ಟುಬಿಡುತ್ತದೆ. ಜನಸಮೂಹದ ಘೋಷವನ್ನೂ ಚೆಂಡಿನ ಸಪ್ಪಳವನ್ನೂ ಬೇರೆ ಮೈಕುಗಳು ಗ್ರಹಿಸುತ್ತವೆ. ಎರಡನ್ನೂ ತಕ್ಕ ಪ್ರಮಾಣದಲ್ಲಿ ಬೆರೆಸಿ, ಆ ಶಬ್ದವನ್ನು ಅಂಕೆಗಳ ರೂಪಕ್ಕೆ ತಿರುಗಿಸಿ, ಕೆಲವು ಸೆಕೆಂಡುಗಳಷ್ಟು ಉದ್ದದ ತುಂಡುಗಳಾಗಿ ಕತ್ತರಿಸಿ ಇಂಟರ್‌ನೆಟ್ಟಿನ ಮೂಲಕ ಕಳುಹಿಸುವರು. ಬಾವಿಯ ನೀರನ್ನು ಸೇದಿ ಹಂಡೆಯಲ್ಲಿ ತುಂಬಿಟ್ಟುಕೊಂಡು ಆಮೇಲೆ ಬಳಸುವಂತೆ, ದೂರವಾಣಿಯು ಬಂದ ತುಂಡುಗಳಲ್ಲಿ ಕೆಲವನ್ನು ಮೊದಲು ಕೂಡಿಟ್ಟುಕೊಂಡು ಅನಂತರ ನುಡಿಯತೊಡಗುತ್ತದೆ. ದಾರಿಯಲ್ಲಿ ಒಂದೆರಡು ತುಂಡುಗಳು ತಡವಾದರೂ ಮಾತು ಕಡಿಯದಿರಲೆಂಬುದೇ ಇದರ ಉದ್ದೇಶವು.

ಆದರೆ ಈ ಕೂಡಿಡುವಿಕೆಗೆ ಬೆಲೆಯನ್ನು ತೆರಬೇಕಾಗುತ್ತದೆ. ಎಫ್.ಎಂ. ರೇಡಿಯೋವಿನ ಅಲೆಗಳು ಬೆಳಕಿನ ವೇಗದಲ್ಲಿ ಬಂದು ಮುಟ್ಟುವುದರಿಂದ ಅಲ್ಲಿ ತಡವೆಂಬುದು ಗಮನಕ್ಕೆ ಬಾರದಷ್ಟು ಅಲ್ಪ. ಇಂಟರ್‌ನೆಟ್ಟಿನ ಧ್ವನಿಯಾದರೋ ಕೆಲವು ಸೆಕೆಂಡುಗಳಿಂದ ಅರ್ಧ ನಿಮಿಷದವರೆಗೂ, ಕೆಲವು ವೇಳೆ ಅದಕ್ಕಿಂತಲೂ ಹೆಚ್ಚಾಗಿಯೂ ಹಿಂದೆ ಬೀಳುವುದುಂಟು. ನಮ್ಮ ಕಿವಿಯಲ್ಲಿ ಚೆಂಡು ಇನ್ನೂ ನಡುಗೆರೆಯಲ್ಲಿರುವಾಗಲೇ ನೆರೆಮನೆಯವರು ಗೋಲೆಂದು ಕೂಗಿಕೊಳ್ಳುವುದಕ್ಕೆ ಇದೇ ಕಾರಣ. ಮಿತ್ರರ ಸಂದೇಶಗಳೂ ಅಂಕಗಳನ್ನು ತಿಳಿಸುವ ಸೂಚನೆಗಳೂ ಬಹಳ ಸಣ್ಣವಾದ್ದರಿಂದ ಧ್ವನಿಗಿಂತ ಮುಂಚಿತವಾಗಿ ಬಂದುಬಿಡುತ್ತವೆ. ಆದಕಾರಣ ಆಟದ ಸ್ವಾರಸ್ಯವು ಕೆಡಬಾರದೆನ್ನುವವರು ಆ ಹೊತ್ತಿನಲ್ಲಿ ಅವುಗಳ ಬಾಯಿಯನ್ನು ಮುಚ್ಚಿಸಿಡುವುದು ಉತ್ತಮ.

ಖರ್ಚಿನ ವಿಷಯದಲ್ಲಿ ಶ್ರವಣವು ಬಹಳ ಮಿತವ್ಯಯಿ. ಮಾತು ಸ್ಪಷ್ಟವಾಗಿ ಕೇಳಿಸಲು ಸೆಕೆಂಡಿಗೆ 64 ಕಿಲೋಬಿಟ್ ಸಾಕು. ಎಂದರೆ ಸೆಕೆಂಡಿಗೆ 8 ಕಿಲೋಬೈಟು. ಆಟದ 90 ನಿಮಿಷಗಳಿಗೆ ನಡುವಿನ ವಿರಾಮದ 15 ನಿಮಿಷಗಳನ್ನು ಸೇರಿಸಿದರೂ ಒಟ್ಟು ಸುಮಾರು 50 ಮೆಗಾಬೈಟು ಮಾತ್ರವೇ ಆಗುವುದು. ಅದೇ ಆಟವನ್ನು ಸೆಕೆಂಡಿಗೆ 2 ಮೆಗಾಬಿಟ್ಟಿನ ಸಾಧಾರಣ ಚಿತ್ರವಾಗಿ ನೋಡಿದರೆ ಮೂವತ್ತು ಪಾಲಿಗಿಂತಲೂ ಹೆಚ್ಚು ಬೇಕು. ಪರದೆಯನ್ನು ಆರಿಸಿ ಕೇಳಬಹುದಾದ್ದರಿಂದ ಬ್ಯಾಟರಿಯೂ ಬಹಳ ಹೊತ್ತು ಬಾಳುತ್ತದೆ. ಕೆಲವು ದೂರವಾಣಿಗಳಲ್ಲಿ ಎಫ್.ಎಂ. ರೇಡಿಯೋ ಕೂಡ ಅಡಕವಾಗಿರುವುದು. ಅದಕ್ಕೆ ಇಂಟರ್‌ನೆಟ್ಟೇ ಬೇಕಾಗಿಲ್ಲ. ಇಂಥವುಗಳಲ್ಲಿ ಕಿವಿಗೆ ಸಿಕ್ಕಿಸಿಕೊಳ್ಳುವ ತಂತಿಯೇ ಸಾಮಾನ್ಯವಾಗಿ ಅಲೆಗಳನ್ನು ಹಿಡಿಯುವ ಏರಿಯಲ್ಲಾಗಿಯೂ ಕೆಲಸಮಾಡುವುದರಿಂದ ಅದನ್ನು ಕಳಚಬಾರದು. ವಿಪತ್ತಿನ ಕಾಲದಲ್ಲಿಯೂ ಇದು ಉಪಕಾರಿಯೆಂದು ಎಣಿಸಿ, ಈ ಸೌಕರ್ಯವನ್ನು ದೂರವಾಣಿಗಳಲ್ಲಿ ಉಳಿಸಿಕೊಳ್ಳಬೇಕೆಂದು ಭಾರತ ಸರಕಾರವು 2023ರಲ್ಲಿ ತಯಾರಕರಿಗೆ ಸಲಹೆಯಿತ್ತಿತು.

ಇಲ್ಲಿ ಒಂದು ಸಂಶಯವನ್ನು ಪರಿಹರಿಸುವುದು ಅವಶ್ಯ. ಪರದೇಶದಲ್ಲಿರುವ ಮಗಳು ಕೇಳುವ ವಿವರಣೆಯು ಊರಿನಲ್ಲಿರುವ ತಾಯಿಗೆ ಸಿಕ್ಕದಿರುವುದೇಕೆ ಎಂದು ಕೆಲವರು ಕೇಳಬಹುದು. ಪ್ರಸಾರದ ಹಕ್ಕುಗಳನ್ನು ದೇಶದೇಶಕ್ಕೆ ಬೇರೆಬೇರೆಯಾಗಿ ಮಾರುವುದೇ ಇದಕ್ಕೆ ಕಾರಣ. ಇಂಟರ್‌ನೆಟ್ಟಿಗೆ ಸ್ವಭಾವತಃ ಗಡಿಯಿಲ್ಲದಿದ್ದರೂ ಕರಾರುಗಳು ಅದಕ್ಕೆ ಗಡಿಯನ್ನು ಹಾಕುತ್ತವೆ. ಹಕ್ಕಿನ ಲೆಕ್ಕದಲ್ಲಿ ಶಬ್ದಕ್ಕೂ ಚಿತ್ರಕ್ಕೂ ಭೇದವುಂಟು. ಬ್ರಿಟನ್ನಿನಲ್ಲಿ 1960ರ ದಶಕದಿಂದ ನಡೆದುಬಂದ ಕಟ್ಟಳೆಯೊಂದರ ಪ್ರಕಾರ, ಶನಿವಾರ ಮಧ್ಯಾಹ್ನ 2-45ರಿಂದ 5-15ರವರೆಗೆ ಕಾಲ್ಚೆಂಡಾಟವನ್ನು ದೂರದರ್ಶನದಲ್ಲಿ ನೇರವಾಗಿ ತೋರಿಸಕೂಡದು. ಜನರು ಮನೆಯಲ್ಲಿಯೇ ಉಳಿದು ಸಣ್ಣ ತಂಡಗಳ ಬಯಲುಗಳು ಬರಿದಾಗಬಾರದೆಂಬುದು ಅದರ ಆಶಯ. ಆದರೆ ರೇಡಿಯೋ ವಿವರಣೆಗೆ ಆ ತಡೆಯಿಲ್ಲ. ಹೀಗಾಗಿ ಆ ಎರಡೂವರೆ ಗಂಟೆಗಳಲ್ಲಿ ಬಯಲಿಗೆ ಹೋಗಲಾರದವರಿಗೆ ಕಿವಿಯೇ ಗತಿ.

ಕೇಳುವುದಕ್ಕೂ ಅಭ್ಯಾಸವು ಬೇಕು. ಹೊಸಬರು ಒಂದು ಕಾಗದದ ಮೇಲೆ ಬಯಲಿನ ಆಕಾರವನ್ನು ಗೀಚಿಕೊಳ್ಳಲಿ. ದೊಡ್ಡ ಪಂದ್ಯಗಳ ಬಯಲು ಸಾಮಾನ್ಯವಾಗಿ 105 ಮೀಟರು ಉದ್ದ, 68 ಮೀಟರು ಅಗಲವಾಗಿರುತ್ತದೆ. ಯಾವ ತಂಡವು ಎಡದಿಂದ ಬಲಕ್ಕೆ ಆಡುತ್ತಿದೆಯೆಂದು ಒಳ್ಳೆಯ ವಿವರಣೆಕಾರರು ಆರಂಭದಲ್ಲಿಯೇ ಹೇಳುವರು. ಅದನ್ನು ಬಾಣದ ಗುರುತಿನಿಂದ ಬರೆದುಕೊಳ್ಳಬೇಕು. ವಿರಾಮದ ತರುವಾಯ ದಿಕ್ಕು ಬದಲಾಗುವುದೆಂಬುದನ್ನು ಮರೆಯಬಾರದು. ಎರಡೂ ಕಡೆಯ ಹನ್ನೊಂದು ಹೆಸರುಗಳನ್ನು ಅವರವರ ಸ್ಥಾನದಲ್ಲಿ ಬರೆದಿಟ್ಟುಕೊಂಡರೆ, ಹೆಸರು ಕಿವಿಗೆ ಬಿದ್ದೊಡನೆ ಚೆಂಡಿರುವ ತಾಣವು ಮನಸ್ಸಿಗೆ ಹೊಳೆಯುತ್ತದೆ. ಜನರ ಘೋಷವೂ ಒಂದು ಭಾಷೆಯೇ. ಅದು ಏರುತ್ತ ಹೋಗುವುದು, ತಟ್ಟನೆ ನಿಲ್ಲುವುದು, ನಿಟ್ಟುಸಿರಾಗಿ ಇಳಿಯುವುದು — ಇವುಗಳನ್ನು ಬಲ್ಲವರಿಗೆ ವಿವರಣೆಗಿಂತ ಅರೆಕ್ಷಣ ಮುಂಚೆಯೇ ಸಂಗತಿಯು ತಿಳಿದುಬಿಡುವುದು. ಒಂದೂವರೆ ಗಂಟೆ ಹೀಗೆ ಮನಸ್ಸಿಟ್ಟು ಕೇಳುವುದು ಏಕಾಗ್ರತೆಗೆ ಒಳ್ಳೆಯ ಸಾಧನೆಯೆಂದು ತಂದೆತಾಯಿಯರಿಗೆ ಸೂಚಿಸುತ್ತೇವೆ.

ಹೀಗಿದ್ದರೂ ಕೇಳುವವರು ಒಂದು ಮಾತನ್ನು ಸದಾ ನೆನಪಿನಲ್ಲಿಡಬೇಕು. ನೋಡುವವನು ತನ್ನ ಕಣ್ಣನ್ನು ಬೇಕಾದ ಕಡೆಗೆ ತಿರುಗಿಸಬಲ್ಲನು. ಕೇಳುವವನಿಗೆ ಆ ಸ್ವಾತಂತ್ರ್ಯವಿಲ್ಲ. ಹೇಳಿದ್ದು ಮಾತ್ರವೇ ಅವನ ಪಾಲಿಗೆ ಇರುವುದು. ಹೇಳದೆ ಬಿಟ್ಟದ್ದು ನಡೆಯಲೇ ಇಲ್ಲವೆಂಬಂತಾಗುವುದು. ಎಷ್ಟೋ ಸಲ ವಿವರಣೆಕಾರರು ಬಯಲಿನಲ್ಲಿರದೆ ದೂರದ ಕೋಣೆಯೊಂದರಲ್ಲಿ ಪರದೆಯನ್ನು ನೋಡುತ್ತ ಮಾತಾಡುವುದುಂಟು. ಆಗ ಕ್ಯಾಮೆರಾ ತೋರಿಸದುದನ್ನು ಅವರೂ ಕಂಡಿರುವುದಿಲ್ಲ. ಧ್ವನಿಯೊಂದು ಜನರ ಸ್ಮೃತಿಯನ್ನೇ ಹೇಗೆ ಆಳಬಲ್ಲುದೆಂಬುದಕ್ಕೆ 1954ರ ಜುಲೈ 4ರಂದು ಸ್ವಿಟ್ಜರ್ಲೆಂಡಿನ ಬರ್ನ್ ನಗರದಲ್ಲಿ ನಡೆದ ವಿಶ್ವಕಪ್ಪಿನ ಅಂತಿಮ ಪಂದ್ಯವು ನಿದರ್ಶನ. ಅಂದು ಪಶ್ಚಿಮ ಜರ್ಮನಿಯು ಹಂಗೆರಿಯನ್ನು 3-2ರಿಂದ ಗೆದ್ದಿತು. ದೂರದರ್ಶನವಿದ್ದ ಮನೆಗಳು ವಿರಳವಾಗಿದ್ದ ಆ ಕಾಲದಲ್ಲಿ ಜರ್ಮನರು ಹರ್ಬರ್ಟ್ ತ್ಸಿಮರ್‌ಮನ್ನನ ರೇಡಿಯೋ ವಿವರಣೆಗೆ ಕಿವಿಗೊಟ್ಟಿದ್ದರು. ಮುಂದಿನ ವರ್ಷಗಳಲ್ಲಿ ಆ ಆಟದ ಚಿತ್ರಗಳನ್ನು ತೋರಿಸುವಾಗಲೂ ಅವನ ಧ್ವನಿಯನ್ನೇ ಅವಕ್ಕೆ ಜೋಡಿಸುವುದು ರೂಢಿಯಾಯಿತು.

ಹೇಳದೆ ಬಿಟ್ಟದ್ದಕ್ಕೆ ನಿದರ್ಶನವು ನಮ್ಮ ಹೆಣ್ಣುಮಕ್ಕಳಿಗೆ ಇನ್ನೂ ಹತ್ತಿರವಾದುದು. 1920ನೆಯ ಇಸವಿ ಡಿಸೆಂಬರ್ 26ರಂದು ಲಿವರ್‌ಪೂಲಿನ ಗುಡಿಸನ್ ಪಾರ್ಕಿನಲ್ಲಿ ಡಿಕ್ ಕೆರ್ ಕಾರ್ಖಾನೆಯ ಹೆಂಗಸರ ತಂಡವು ಆಡಿದ ಪಂದ್ಯವನ್ನು ನೋಡಲು ಸುಮಾರು 53,000 ಜನರು ಕೂಡಿದ್ದರು. ಮರುವರ್ಷದ ಡಿಸೆಂಬರಿನಲ್ಲಿಯೇ, ಈ ಆಟವು ಸ್ತ್ರೀಯರಿಗೆ ತಕ್ಕುದಲ್ಲವೆಂದು ಇಂಗ್ಲೆಂಡಿನ ಫುಟ್‌ಬಾಲ್ ಸಂಘವು ನಿರ್ಣಯಿಸಿ, ತನ್ನ ಅಧೀನದ ಬಯಲುಗಳನ್ನು ಅವರಿಗೆ ಕೊಡದಂತೆ ಮಾಡಿತು. ಆ ನಿಷೇಧವು ಪೂರ್ಣವಾಗಿ ತೊಲಗಲು 1971 ಬರಬೇಕಾಯಿತು. ಆದುದರಿಂದ 1927ರಲ್ಲಿ ವೇಕ್‌ಲಮ್ ಬಾಯ್ದೆರೆದಾಗ ಅವನು ವರ್ಣಿಸಬಹುದಾದ ದೊಡ್ಡ ಬಯಲುಗಳಲ್ಲಿ ಸ್ತ್ರೀಯರೇ ಇರಲಿಲ್ಲ. ಅರ್ಧ ಶತಮಾನದ ಮಟ್ಟಿಗೆ ಅವರ ಆಟವು ಲೋಕದ ಕಿವಿಗೆ ಇಲ್ಲದಂತೆಯೇ ಆಯಿತು. ಹೇಳುವ ಕಂಠವೂ ಬಹುಕಾಲ ಪುರುಷರದೇ ಆಗಿತ್ತು. ಬಿ.ಬಿ.ಸಿ. ದೂರದರ್ಶನದ ಪ್ರಸಿದ್ಧವಾದ ಶನಿವಾರದ ಕಾಲ್ಚೆಂಡಾಟ ಕಾರ್ಯಕ್ರಮದಲ್ಲಿ ಸ್ತ್ರೀಯೊಬ್ಬಳು ಮೊತ್ತಮೊದಲು ವಿವರಣೆ ನೀಡಿದ್ದು 2007ರಲ್ಲಿ. ಆಕೆ ಜಾಕಿ ಓಟ್ಲಿ. ವಿಶ್ವಕಪ್ಪಿನ ಪಂದ್ಯವೊಂದನ್ನು ಬ್ರಿಟನ್ನಿನ ದೂರದರ್ಶನದಲ್ಲಿ ನೇರವಾಗಿ ವರ್ಣಿಸಿದ ಮೊದಲ ಮಹಿಳೆಯಾದ ವಿಕಿ ಸ್ಪಾರ್ಕ್ಸ್ ಆ ಕೆಲಸವನ್ನು ಮಾಡಿದ್ದು 2018ರಲ್ಲಿ. 2023ರ ಆಗಸ್ಟ್ 20ರಂದು ಸಿಡ್ನಿಯಲ್ಲಿ ಸ್ಪೇನಿನ ಸ್ತ್ರೀಯರು ಇಂಗ್ಲೆಂಡಿನವರನ್ನು 1-0ರಿಂದ ಸೋಲಿಸಿ ವಿಶ್ವಕಪ್ಪನ್ನು ಗೆದ್ದ ಪಂದ್ಯವನ್ನಾದರೋ ಪ್ರಪಂಚದ ಅನೇಕ ದೇಶಗಳ ಜನರು ನೋಡಿದರು, ಕೇಳಿದರು.

ವೇಕ್‌ಲಮ್ಮನ ಹತ್ತಿರ ಕೂತ ಆ ಅಂಧನನ್ನೂ ಕಾಲವು ಮರೆತಿಲ್ಲ. ಕಣ್ಣಿಲ್ಲದವರಿಗಾಗಿಯೇ ವಿಶೇಷ ವಿವರಣೆಯನ್ನು ಕೊಡುವ ಪದ್ಧತಿಯು ಈಗ ಅನೇಕ ಕ್ರೀಡಾಂಗಣಗಳಲ್ಲಿದೆ. 2012ರಲ್ಲಿ ಪೋಲೆಂಡ್ ಮತ್ತು ಯುಕ್ರೇನ್ ದೇಶಗಳಲ್ಲಿ ಜರುಗಿದ ಯೂರೋಪಿನ ಪಂದ್ಯಾವಳಿಯಲ್ಲಿ ಇದರ ಏರ್ಪಾಟಾಗಿತ್ತು. ಈ ಬಗೆಯ ವಿವರಣೆಯಲ್ಲಿ ಹರಟೆಗೆ ಎಡೆ ಕಡಿಮೆ. ಚೆಂಡು ಎಲ್ಲಿದೆ, ಯಾರ ಕಾಲಲ್ಲಿದೆ, ಯಾವ ಕಡೆಗೆ ಹೊರಟಿದೆ, ಆಟಗಾರರ ಉಡುಪಿನ ಬಣ್ಣವೇನು, ತೀರ್ಪುಗಾರನು ಕೈಯಿಂದ ಏನು ಸನ್ನೆ ಮಾಡಿದನು ಎಂಬುದನ್ನೆಲ್ಲ ಬಿಡದೆ ಹೇಳಬೇಕು. ಇಂಥ ಧ್ವನಿಯನ್ನು ಕೇಳುವ ಅಂಧ ಬಾಲಕಿಗೆ ಪಕ್ಕದಲ್ಲಿ ಕುಳಿತ ಗೆಳತಿಯೊಡನೆ ಒಂದೇ ಕ್ಷಣದಲ್ಲಿ ಸಂತೋಷಪಡುವ ಭಾಗ್ಯವು ದೊರೆಯುತ್ತದೆ. ಆ ಕ್ಷಣವು ತಪ್ಪಬಾರದೆಂದೇ ಕ್ರೀಡಾಂಗಣದೊಳಗೆ ತಡವಾಗಿ ಬರುವ ಇಂಟರ್‌ನೆಟ್ಟಿಗಿಂತ ನೇರವಾದ ರೇಡಿಯೋ ಅಲೆಗಳು ಹೆಚ್ಚು ಯೋಗ್ಯವೆನಿಸಿವೆ.

1935ರಲ್ಲಿ ಮೈಸೂರಿನಲ್ಲಿ ಎಂ. ವಿ. ಗೋಪಾಲಸ್ವಾಮಿಯವರು ತಮ್ಮ ಮನೆಯಲ್ಲಿ ಆರಂಭಿಸಿದ ಬಾನುಲಿ ಕೇಂದ್ರಕ್ಕೆ ‘ಆಕಾಶವಾಣಿ’ ಎಂಬ ಹೆಸರು ಸಂದಿತು; ಆ ಹೆಸರೇ ಮುಂದೆ ದೇಶಕ್ಕೆಲ್ಲ ಹಬ್ಬಿತು. ಕನ್ನಡಿಗರಿಗೆ ಕಿವಿಯ ಈ ಸಂಸ್ಕಾರವು ಹೊಸದಲ್ಲ. ಈಗ ಆಕಾಶವಾಣಿಯೂ ದೂರವಾಣಿಯಲ್ಲಿಯೇ ದೊರೆಯುತ್ತಿರುವುದರಿಂದ ಅದನ್ನು ಮನೆಮಂದಿಯೆಲ್ಲ ಸೇರಿ ಬೆಳೆಸಿಕೊಳ್ಳುವುದು ಸುಲಭ. ನಮ್ಮ ಹಳೆಯ ವಿದ್ಯಾರ್ಥಿನಿಯರು ತಮ್ಮ ಮಕ್ಕಳೊಡನೆ ಒಂದು ಪಂದ್ಯವನ್ನಾದರೂ ಪರದೆಯನ್ನು ಆರಿಸಿ ಕೇಳಲಿ. ಮುಗಿದ ಮೇಲೆ ಅದನ್ನು ತಮ್ಮ ಮಾತಿನಲ್ಲಿಯೇ ವಿವರಿಸುವಂತೆ ಮಕ್ಕಳಿಗೆ ಹೇಳಲಿ. ಕಾಣದವರಿಗೆ ಕಂಡದ್ದನ್ನು ತಪ್ಪಿಲ್ಲದೆ ತಿಳಿಸುವುದು ಎಷ್ಟು ಕಷ್ಟವೆಂಬುದು ಆಗ ಮಕ್ಕಳಿಗೆ ಅರಿವಾಗುವುದು. ಅವರಲ್ಲಿ ಒಬ್ಬಳಾದರೂ ಮುಂದೆ ಮೈಕನ್ನು ಹಿಡಿದು ಕನ್ನಡದಲ್ಲಿ ಆಟವನ್ನು ಹೇಳುವಂತಾದರೆ ನಮಗೆ ಬಹಳ ಸಂತೋಷವಾಗುವುದು.